ವಿಚಾರಣೆಗೂ ಮುನ್ನವೇ ಕೇಸು ರದ್ದಾಗುವುದು ಯಾವಾಗ?

"ಇದು ಪೂರ್ತಿ ಸುಳ್ಳು ಕೇಸು ಸರ್, ಹೈಕೋರ್ಟಿಗೆ ಹೋಗಿ ಕ್ವಾಶ್ ಮಾಡಿಸಿಬಿಡೋಣ" ಎಂಬ ಮಾತನ್ನು ಕೇಳದ ಕ್ರಿಮಿನಲ್ ವಕೀಲರಿಲ್ಲ. ಹೇಳುವವರ ಸಂಕಟ ನಿಜವಾದದ್ದೇ. ಆದರೆ ಹೈಕೋರ್ಟ್ ಎರಡೂ ಕಡೆಯವರ ಮಾತು ಕೇಳಿ, ಯಾರದು ನಿಜ ಎಂದು ತೀರ್ಮಾನಿಸಿ, ಸುಳ್ಳು ದೂರನ್ನು ಕಿತ್ತು ಬಿಸಾಡುತ್ತದೆ ಎಂಬ ನಂಬಿಕೆ ಆ ಮಾತಿನ ಹಿಂದೆ ಇದೆ, ಅದು ಸರಿಯಲ್ಲ. ವಿಚಾರಣೆಗೆ ಮೊದಲೇ ಪ್ರಕರಣವನ್ನು ರದ್ದುಪಡಿಸಬೇಕೆಂದು ಕೋರುವ ಅರ್ಜಿಯಲ್ಲಿ ದೂರು ಸುಳ್ಳೋ ನಿಜವೋ ಎಂಬ ಪ್ರಶ್ನೆ ಸಾಮಾನ್ಯವಾಗಿ ಏಳುವುದೇ ಇಲ್ಲ. ದೂರಿನಲ್ಲಿ ಬರೆದಿರುವ ಪ್ರತಿಯೊಂದು ಅಕ್ಷರವನ್ನೂ ನಿಜವೆಂದು ಹಿಡಿದರೂ ಅಲ್ಲಿ ಕಾನೂನು ಹೇಳುವ ಅಪರಾಧವೊಂದು ಕಾಣುತ್ತದೆಯೇ ಎಂಬುದಷ್ಟೇ ನ್ಯಾಯಾಲಯದ ಮುಂದಿರುವ ಪ್ರಶ್ನೆ. ಎದುರಾಳಿಯ ಕಥೆಯನ್ನು ವಾದದ ಮಟ್ಟಿಗೆ ಪೂರ್ತಿಯಾಗಿ ಒಪ್ಪಿಕೊಂಡು, ಆ ಕಥೆಯೊಳಗಿನಿಂದಲೇ ಗೆದ್ದು ಬರಬೇಕಾದ ವಿಚಿತ್ರ ಅರ್ಜಿ ಇದು. ಈ ಸಂಗತಿ ಅರ್ಥವಾಗದೆ ಸಲ್ಲಿಸಿದ ಅರ್ಜಿಗಳೇ ಹೆಚ್ಚಾಗಿ ವಜಾ ಆಗುವುದನ್ನು ನಾನು ಕಂಡಿದ್ದೇನೆ.

ಈ ಅಧಿಕಾರದ ಮೂಲ ಬಹಳ ಚಿಕ್ಕದೊಂದು ಕಲಮಿನಲ್ಲಿದೆ. 1898ರ ದಂಡ ಪ್ರಕ್ರಿಯಾ ಸಂಹಿತೆಗೆ 1923ರಲ್ಲಿ 561-ಎ ಎಂಬ ಕಲಂ ಸೇರಿತು. 1973ರ ಸಂಹಿತೆಯಲ್ಲಿ ಅದೇ 482ನೇ ಕಲಂ ಆಯಿತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದು 528ನೇ ಕಲಮಾಗಿ ಮುಂದುವರಿದಿದೆ. ಸಂಖ್ಯೆ ಬದಲಾದರೂ ತಿರುಳು ಬದಲಾಗಿಲ್ಲ: ಸಂಹಿತೆಯಡಿಯ ಆದೇಶಗಳನ್ನು ಜಾರಿಗೆ ತರಲು, ಯಾವುದೇ ನ್ಯಾಯಾಲಯದ ಪ್ರಕ್ರಿಯೆ ದುರುಪಯೋಗವಾಗುವುದನ್ನು ತಡೆಯಲು, ಅಥವಾ ನ್ಯಾಯದ ಉದ್ದೇಶ ಈಡೇರುವಂತೆ ಮಾಡಲು ಹೈಕೋರ್ಟಿಗಿರುವ ಅಂತರ್ಗತ ಅಧಿಕಾರವನ್ನು ಸಂಹಿತೆಯ ಯಾವ ಮಾತೂ ಮೊಟಕುಗೊಳಿಸುವುದಿಲ್ಲ. ಕಲಂ ಹೊಸ ಅಧಿಕಾರವನ್ನು ಕೊಡುವುದಿಲ್ಲ, ಇರುವ ಅಧಿಕಾರವನ್ನು ಉಳಿಸುತ್ತದೆ. ಈ ಅಧಿಕಾರ ಮ್ಯಾಜಿಸ್ಟ್ರೇಟರಿಗಾಗಲಿ ಸೆಷನ್ಸ್ ನ್ಯಾಯಾಲಯಕ್ಕಾಗಲಿ ಇಲ್ಲ. ಒಮ್ಮೆ ಸಮನ್ಸ್ ಹೊರಡಿಸಿದ ಮ್ಯಾಜಿಸ್ಟ್ರೇಟರು ತಾವೇ ಅದನ್ನು ವಾಪಸ್ ಪಡೆಯುವಂತಿಲ್ಲ ಎಂದು 2004ರ ಅದಾಲತ್ ಪ್ರಸಾದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಖಚಿತವಾಗಿ ಹೇಳಿದ ಮೇಲಂತೂ ಹೈಕೋರ್ಟಿನ ಬಾಗಿಲೇ ಮುಖ್ಯ ದಾರಿಯಾಯಿತು. ಸಂವಿಧಾನದ 226 ಮತ್ತು 227ನೇ ವಿಧಿಗಳಡಿಯಲ್ಲೂ ಹೈಕೋರ್ಟಿಗೆ ಹೋಗಬಹುದು. ಸುಪ್ರೀಂ ಕೋರ್ಟಿನ ಮುಂದೆ ಇಂಥ ವಿಷಯ ಬರುವುದು ಬಹುಪಾಲು 136ನೇ ವಿಧಿಯಡಿ, ಹೈಕೋರ್ಟಿನ ಆದೇಶವನ್ನು ಪ್ರಶ್ನಿಸಿದಾಗ.

ಇಷ್ಟು ವಿಶಾಲವಾದ ಅಧಿಕಾರವನ್ನು ನ್ಯಾಯಾಲಯಗಳು ಮೊದಲಿನಿಂದಲೂ ಹಿಂಜರಿಕೆಯಿಂದಲೇ ಬಳಸುತ್ತ ಬಂದಿವೆ. ಖ್ವಾಜಾ ನಜೀರ್ ಅಹ್ಮದ್ ಪ್ರಕರಣದಲ್ಲಿ ಲಾಹೋರ್ ಹೈಕೋರ್ಟ್ ಪೊಲೀಸ್ ತನಿಖೆಯನ್ನೇ ನಿಲ್ಲಿಸಿತ್ತು. 1944ರಲ್ಲಿ, ಆಗ ಅತ್ಯುನ್ನತ ಮೇಲ್ಮನವಿ ನ್ಯಾಯಾಲಯವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಆ ಆದೇಶವನ್ನು ತಳ್ಳಿಹಾಕಿತು: ತನಿಖೆ ಪೊಲೀಸರ ಕೆಲಸ, ನ್ಯಾಯಾಲಯದ ಕೆಲಸ ಅದರ ಮುಂದೆ ಆರೋಪ ಬಂದ ಮೇಲೆ ಶುರುವಾಗುತ್ತದೆ, ಒಂದರ ಕ್ಷೇತ್ರದಲ್ಲಿ ಇನ್ನೊಂದು ಕೈಹಾಕಬಾರದು ಎಂಬುದು ಅದರ ನಿಲುವು. ಸಂಜ್ಞೇಯ ಅಪರಾಧವೇ, ಅಂದರೆ ಮ್ಯಾಜಿಸ್ಟ್ರೇಟರ ಆದೇಶವಿಲ್ಲದೆಯೇ ಪೊಲೀಸರು ತನಿಖೆ ಮಾಡಬಹುದಾದ ಅಪರಾಧವೇ, ಕಾಣದಿದ್ದರೆ ಪೊಲೀಸರಿಗೆ ತನಿಖೆಯ ಅಧಿಕಾರವೂ ಇರುವುದಿಲ್ಲ ಎಂಬ ಸೂಕ್ಷ್ಮವನ್ನು ಆ ತೀರ್ಪೇ ಬಿಟ್ಟುಕೊಟ್ಟಿತ್ತು. ಮುಂದಿನ ಕಾನೂನೆಲ್ಲ ಬೆಳೆದದ್ದು ಆ ಸಣ್ಣ ಬಿರುಕಿನಿಂದ. 1960ರ ಆರ್.ಪಿ. ಕಪೂರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಮೂರು ಸಂದರ್ಭಗಳನ್ನು ಗುರುತಿಸಿತು: ಪ್ರಕರಣ ಹೂಡಲು ಕಾನೂನಿನ ನಿರ್ಬಂಧವಿದ್ದಾಗ, ಆರೋಪವನ್ನು ಇದ್ದಂತೆಯೇ ಒಪ್ಪಿದರೂ ಅಪರಾಧವಾಗದಿದ್ದಾಗ, ಆರೋಪವಿದ್ದರೂ ಅದಕ್ಕೆ ಪೂರಕವಾದ ಸಾಕ್ಷ್ಯವೇ ಇಲ್ಲದಿದ್ದಾಗ.

1990ರ ನವೆಂಬರಿನಲ್ಲಿ ಬಂದ ಹರಿಯಾಣ ರಾಜ್ಯ ವಿರುದ್ಧ ಭಜನ್ ಲಾಲ್ ತೀರ್ಪು ಈ ಮೂರನ್ನು ಏಳಕ್ಕೆ ವಿಸ್ತರಿಸಿತು. ಇಂದು ಯಾವುದೇ ರದ್ದತಿ ಅರ್ಜಿಯನ್ನು ತೆರೆದರೂ ಆ ಏಳು ಅಂಶಗಳು ಯಥಾವತ್ತಾಗಿ ನಕಲಾಗಿರುತ್ತವೆ, ಅವುಗಳಲ್ಲಿ ತಮ್ಮ ಪ್ರಕರಣಕ್ಕೆ ಯಾವುದು ಹೊಂದುತ್ತದೆ ಎಂಬ ಮಾತು ಮಾತ್ರ ಅನೇಕ ಸಲ ಇರುವುದಿಲ್ಲ. ಕಪೂರ್ ತೀರ್ಪಿನ ಮೂರರ ಜೊತೆಗೆ ಅದು ಸೇರಿಸಿದವುಗಳಲ್ಲಿ ಮುಖ್ಯವಾದವು ಇವು: ದೂರಿನಲ್ಲಿ ಅಸಂಜ್ಞೇಯ ಅಪರಾಧ ಮಾತ್ರ ಕಂಡು, ಮ್ಯಾಜಿಸ್ಟ್ರೇಟರ ಆದೇಶವಿಲ್ಲದೆ ಪೊಲೀಸರು ತನಿಖೆಗೆ ಇಳಿದಿರುವುದು, ವಿವೇಕವುಳ್ಳ ಯಾರೂ ನಂಬಲಾಗದಷ್ಟು ಅಸಂಬದ್ಧವಾದ ಆರೋಪ, ಹಾಗೂ ಸೇಡು ತೀರಿಸಿಕೊಳ್ಳಲೆಂದೇ ದುರುದ್ದೇಶದಿಂದ ಹೂಡಿದ ಪ್ರಕರಣ. ಸ್ವಾರಸ್ಯವೆಂದರೆ, ಎಫ್‌ಐಆರ್ ರದ್ದತಿಗೆಂದು ದಿನನಿತ್ಯ ಉಲ್ಲೇಖವಾಗುವ ಈ ತೀರ್ಪಿನಲ್ಲಿ ಎಫ್‌ಐಆರ್ ರದ್ದಾಗಲೇ ಇಲ್ಲ. ಪಂಜಾಬ್ ಮತ್ತು ಹರಿಯಾಣ ಹೈಕೋರ್ಟ್ ರದ್ದುಪಡಿಸಿದ್ದ ಎಫ್‌ಐಆರ್ ಅನ್ನು ಸುಪ್ರೀಂ ಕೋರ್ಟ್ ಮತ್ತೆ ಜೀವಂತಗೊಳಿಸಿ, ತನಿಖೆ ನಡೆಸಿದ ಅಧಿಕಾರಿಗೆ ಭ್ರಷ್ಟಾಚಾರ ತಡೆ ಕಾಯ್ದೆಯಡಿ ಬೇಕಾದ ಸರಿಯಾದ ಅಧಿಕಾರ ಇರಲಿಲ್ಲವೆಂದು ಅಲ್ಲಿಯವರೆಗಿನ ತನಿಖೆಯನ್ನಷ್ಟೇ ರದ್ದುಪಡಿಸಿತು. ಕಪೂರ್ ಪ್ರಕರಣದಲ್ಲೂ ಮೇಲ್ಮನವಿ ವಜಾ ಆಗಿತ್ತು. ಈ ಅಧಿಕಾರವನ್ನು ವಿವರಿಸಿದ ದೊಡ್ಡ ತೀರ್ಪುಗಳು ಅದನ್ನು ಬಳಸಲು ನಿರಾಕರಿಸಿದ ತೀರ್ಪುಗಳೂ ಹೌದು ಎಂಬುದನ್ನು ಅರ್ಜಿ ಬರೆಯುವ ಮುನ್ನ ನೆನಪಿಟ್ಟುಕೊಳ್ಳುವುದು ಒಳ್ಳೆಯದು.

ಅಪರೂಪದಲ್ಲಿ ಅಪರೂಪದ ಪ್ರಕರಣದಲ್ಲಿ ಮಾತ್ರ ಎಂಬ ಎಚ್ಚರಿಕೆಯೂ ಭಜನ್ ಲಾಲ್ ತೀರ್ಪಿನದೇ. ಮರಣದಂಡನೆಯ ಸಂದರ್ಭದಲ್ಲಿ ಬಳಸುವ ಮಾನದಂಡದೊಂದಿಗೆ ಇದನ್ನು ಬೆರೆಸಬಾರದೆಂದು 2021ರ ನೀಹಾರಿಕಾ ಇನ್ಫ್ರಾಸ್ಟ್ರಕ್ಚರ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಸ್ಪಷ್ಟಪಡಿಸಬೇಕಾಯಿತು. ವ್ಯವಹಾರದಲ್ಲಿ ನೋಡಿದರೆ ರದ್ದತಿ ಅಷ್ಟೇನೂ ಅಪರೂಪವಲ್ಲ. ಕೆಲವು ಬಗೆಯ ಪ್ರಕರಣಗಳಲ್ಲಿ ಅದು ಬಹುಮಟ್ಟಿಗೆ ನಿರೀಕ್ಷಿತ, ಉಳಿದವುಗಳಲ್ಲಿ ಬಹುಮಟ್ಟಿಗೆ ಅಸಾಧ್ಯ.

ನಿರೀಕ್ಷಿತ ಎನ್ನಬಹುದಾದ ಬಗೆಗಳಲ್ಲಿ ಮೊದಲನೆಯದು ಸಿವಿಲ್ ವ್ಯಾಜ್ಯಕ್ಕೆ ಕ್ರಿಮಿನಲ್ ವೇಷ ತೊಡಿಸಿದ ದೂರು. ನಿವೇಶನ ಮಾರಾಟದ ಕರಾರಿನಿಂದ ಹುಟ್ಟುವ ಒಂದು ಮಾದರಿ ದೂರನ್ನು ನೋಡೋಣ. ಫಿರ್ಯಾದಿ ಮುಂಗಡವಾಗಿ ಹತ್ತು ಲಕ್ಷ ರೂಪಾಯಿ ಕೊಟ್ಟಿದ್ದಾರೆ, ಆರೋಪಿ ಆರು ತಿಂಗಳೊಳಗೆ ಕ್ರಯಪತ್ರ ಮಾಡಿಕೊಡುವುದಾಗಿ ಕರಾರು ಬರೆದುಕೊಟ್ಟಿದ್ದಾರೆ, ಅವಧಿ ಮುಗಿದರೂ ನೋಂದಣಿಗೆ ಬರದೆ ಸತಾಯಿಸಿದ್ದಾರೆ, ಕೇಳಲು ಹೋದಾಗ ಅವಾಚ್ಯ ಶಬ್ದಗಳಿಂದ ನಿಂದಿಸಿ ಪ್ರಾಣಬೆದರಿಕೆ ಹಾಕಿದ್ದಾರೆ. ಕೊನೆಯ ವಾಕ್ಯ ಹೆಚ್ಚುಕಡಿಮೆ ಎಲ್ಲ ದೂರುಗಳಲ್ಲೂ ಒಂದೇ ಅಚ್ಚಿನಲ್ಲಿ ಇರುತ್ತದೆ. ಇದರ ಮೇಲೆ ವಂಚನೆ, ನಂಬಿಕೆ ದ್ರೋಹ, ಬೆದರಿಕೆ ಎಲ್ಲವೂ ಸೇರಿ ಎಫ್‌ಐಆರ್ ಆಗುತ್ತದೆ. ಇಲ್ಲಿ ಫಿರ್ಯಾದಿಯ ಮಾತನ್ನು ಅನುಮಾನಿಸುವ ಅಗತ್ಯವೇ ಇಲ್ಲ. ಹಣ ಕೊಟ್ಟದ್ದು ನಿಜ, ಕ್ರಯಪತ್ರ ಆಗದಿದ್ದದ್ದೂ ನಿಜ. ಆದರೆ ವಂಚನೆ ಎನ್ನಬೇಕಾದರೆ ಹಣ ಪಡೆದ ಹೊತ್ತಿನಲ್ಲೇ ಆರೋಪಿಗೆ ಮೋಸ ಮಾಡುವ ಉದ್ದೇಶ ಇದ್ದಿರಬೇಕು, ಮಾತು ಕೊಟ್ಟು ಆಮೇಲೆ ತಪ್ಪಿದ ಮಾತ್ರಕ್ಕೆ ಅದು ವಂಚನೆಯಾಗದು ಎಂದು 2000ದ ಹೃದಯ ರಂಜನ್ ಪ್ರಸಾದ್ ವರ್ಮಾ ಪ್ರಕರಣ ಹೇಳಿದೆ. ಆ ಉದ್ದೇಶವನ್ನು ಸೂಚಿಸುವ ಒಂದು ಸಂಗತಿಯೂ, ಉದಾಹರಣೆಗೆ ನಿವೇಶನ ಅದಾಗಲೇ ಬೇರೆಯವರಿಗೆ ಮಾರಾಟವಾಗಿತ್ತು ಎಂಬಂಥದ್ದು, ದೂರಿನಲ್ಲಿ ಇಲ್ಲದಿದ್ದರೆ ಅದು ಕರಾರಿನ ನಿರ್ದಿಷ್ಟ ಪಾಲನೆಗೆ ಸಿವಿಲ್ ನ್ಯಾಯಾಲಯಕ್ಕೆ ಹೋಗಬೇಕಾದ ವಿಷಯ. ಅಂಥ ಒಂದು ಸಂಗತಿ ಇದ್ದರೆ ಮಾತ್ರ ಚಿತ್ರ ಪೂರ್ತಿ ತಿರುಗುತ್ತದೆ. ಆಗ ಸಿವಿಲ್ ಪರಿಹಾರವಿದೆ ಎಂಬ ಕಾರಣಕ್ಕೆ ಕ್ರಿಮಿನಲ್ ಪ್ರಕರಣ ನಿಲ್ಲುವುದಿಲ್ಲ, ಎರಡೂ ಒಟ್ಟಿಗೆ ನಡೆಯಬಹುದು.

ಇಂಥ ದೂರುಗಳಲ್ಲಿ ವಂಚನೆಯನ್ನೂ ನಂಬಿಕೆ ದ್ರೋಹವನ್ನೂ ಒಟ್ಟಿಗೇ ಹೊರಿಸುವ ಅಭ್ಯಾಸವನ್ನು ಸುಪ್ರೀಂ ಕೋರ್ಟ್ 2024ರ ದೆಹಲಿ ರೇಸ್ ಕ್ಲಬ್ ಪ್ರಕರಣದಲ್ಲಿ ಕಟುವಾಗಿ ಟೀಕಿಸಿತು. ವಂಚನೆಯಲ್ಲಿ ಮೋಸದ ಉದ್ದೇಶ ಆರಂಭದಲ್ಲೇ ಇರುತ್ತದೆ, ನಂಬಿಕೆ ದ್ರೋಹದಲ್ಲಿ ವಸ್ತು ಮೊದಲು ನ್ಯಾಯವಾಗಿಯೇ ಕೈಸೇರಿ ಆಮೇಲೆ ದುರುಪಯೋಗವಾಗುತ್ತದೆ, ಹೀಗಾಗಿ ಒಂದೇ ಸಂಗತಿಗಳ ಮೇಲೆ ಎರಡೂ ನಿಲ್ಲಲಾರವು. ಹಣ ವಸೂಲಿಗೆ ಸಿವಿಲ್ ದಾವೆ ವರ್ಷಗಟ್ಟಲೆ ಹಿಡಿಯುತ್ತದೆ, ಠಾಣೆಗೆ ಒಂದು ದೂರು ಕೊಟ್ಟರೆ ಎದುರಾಳಿ ವಾರದೊಳಗೆ ಮಾತುಕತೆಗೆ ಬರುತ್ತಾನೆ ಎಂಬ ಲೆಕ್ಕಾಚಾರ ಇದರ ಹಿಂದಿರುತ್ತದೆ. 2006ರ ಇಂಡಿಯನ್ ಆಯಿಲ್ ವಿರುದ್ಧ ಎನ್‌ಇಪಿಸಿ ತೀರ್ಪು ಈ ಪ್ರವೃತ್ತಿಯನ್ನು ಬಿಡಿಸಿಯೇ ಹೇಳಿದೆ. ಸಿವಿಲ್ ನ್ಯಾಯಾಲಯಗಳ ವಿಳಂಬ ಸರಿಹೋಗುವವರೆಗೂ ಹೈಕೋರ್ಟಿನ ಮೇಲಿನ ಈ ಹೊರೆ ಇಳಿಯುವುದೆಂದು ನನಗೆ ಅನ್ನಿಸುವುದಿಲ್ಲ.

ಎರಡನೆಯ ಬಗೆ ಕೌಟುಂಬಿಕ ದೂರುಗಳಲ್ಲಿ ಗಂಡನ ಜೊತೆಗೆ ಇಡೀ ಸಂಸಾರವನ್ನೇ ಆರೋಪಿಗಳನ್ನಾಗಿಸುವುದು. ಹೆಂಡತಿಯ ಮೇಲಿನ ಕ್ರೌರ್ಯಕ್ಕೆ ಅನ್ವಯಿಸುವುದು ಹಿಂದೆ ದಂಡ ಸಂಹಿತೆಯ 498-ಎ, ಈಗ ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಂ. ದೂರಿನಲ್ಲಿ ಗಂಡ ಮತ್ತು ಅತ್ತೆಯ ಬಗ್ಗೆ ದಿನಾಂಕ, ಸ್ಥಳ, ಬೇಡಿಕೆಯ ಮೊತ್ತ ಎಲ್ಲವೂ ಇರುತ್ತವೆ, ಬೇರೆ ಊರಿನಲ್ಲಿ ಸಂಸಾರ ಹೂಡಿರುವ ನಾದಿನಿಯ ಬಗ್ಗೆ "ಇವರೂ ಕುಮ್ಮಕ್ಕು ನೀಡಿರುತ್ತಾರೆ" ಎಂಬ ಒಂದೇ ಸಾಲು. ಆ ಸಾಲಿನ ಮೇಲೆ ನಾದಿನಿಯನ್ನು ವಿಚಾರಣೆಗೆ ಎಳೆಯಲಾಗದು ಎಂಬುದು 2010ರ ಪ್ರೀತಿ ಗುಪ್ತಾ ಪ್ರಕರಣದಿಂದ 2024ರ ದಾರಾ ಲಕ್ಷ್ಮೀನಾರಾಯಣ ಪ್ರಕರಣದವರೆಗೆ ಮತ್ತೆ ಮತ್ತೆ ಬಂದಿರುವ ನಿಲುವು. ಗಮನಿಸಬೇಕಾದದ್ದೆಂದರೆ, ಇದೇ ತೀರ್ಪುಗಳನ್ನು ಹಿಡಿದು ಗಂಡನೂ ಅದೇ ಅರ್ಜಿಯಲ್ಲಿ ಒಂದನೇ ಅರ್ಜಿದಾರನಾಗಿ ಸೇರಿಕೊಳ್ಳುತ್ತಾನೆ. ಅವನ ಮೇಲೆ ನಿರ್ದಿಷ್ಟ ಆರೋಪಗಳಿದ್ದರೆ ನ್ಯಾಯಾಲಯ ಅರ್ಜಿಯನ್ನು ಭಾಗಶಃ ಪುರಸ್ಕರಿಸುತ್ತದೆ: ನಾದಿನಿ, ಭಾವ ಹೊರಗೆ, ಗಂಡ ವಿಚಾರಣೆಗೆ. ಅದು ಸರಿಯಾದ ಫಲಿತಾಂಶವೇ. ಸಾರಾಸಗಟು ಆರೋಪವನ್ನು ತಡೆಯುವ ನಿಯಮ ನಿಜವಾದ ಹಿಂಸೆಯ ದೂರನ್ನು ಮುಚ್ಚಿಹಾಕುವ ಉಪಾಯವಾಗಬಾರದು.

ಮೂರನೆಯ ಬಗೆ ನನಗೆ ಎಲ್ಲಕ್ಕಿಂತ ಪ್ರಿಯವಾದದ್ದು, ಏಕೆಂದರೆ ಇಲ್ಲಿ ಯಾರ ಸತ್ಯವನ್ನೂ ತೂಗಬೇಕಾಗಿಲ್ಲ, ಕಾನೂನು ಮೊದಲು ಮಾಡಬೇಕೆಂದದ್ದನ್ನು ಮಾಡಿದ್ದಾರೆಯೇ ಎಂದು ಕಡತವನ್ನು ತೆರೆದು ನೋಡಿದರೆ ಸಾಕು. ಕರ್ನಾಟಕದಲ್ಲಿ ಇದಕ್ಕೆ ಸಿಗುವ ಅತಿ ಸಾಮಾನ್ಯ ನಿದರ್ಶನ ಸಾರ್ವಜನಿಕ ಸ್ಥಳದಲ್ಲಿ ಅಂದರ್ ಬಾಹರ್ ಆಡುತ್ತಿದ್ದರೆಂದು ಕರ್ನಾಟಕ ಪೊಲೀಸ್ ಕಾಯ್ದೆಯ 87ನೇ ಕಲಮಿನಡಿ ಹೂಡುವ ಕೇಸು. ಅಸಂಜ್ಞೇಯ ಅಪರಾಧವಾದ್ದರಿಂದ ತನಿಖೆಗೆ ಮ್ಯಾಜಿಸ್ಟ್ರೇಟರ ಆದೇಶ ಬೇಕು. ಹಿಂದೆ ಇದು ದಂಡ ಪ್ರಕ್ರಿಯಾ ಸಂಹಿತೆಯ 155(2)ನೇ ಕಲಂ, ಈಗ ನಾಗರಿಕ ಸುರಕ್ಷಾ ಸಂಹಿತೆಯ 174ನೇ ಕಲಂ. ಠಾಣಾಧಿಕಾರಿ ಒಂದು ಕೋರಿಕೆ ಪತ್ರ ಬರೆದು ಪೇದೆಯ ಕೈಯಲ್ಲಿ ಕಳಿಸುತ್ತಾರೆ, ಅದರ ಅಂಚಿನಲ್ಲಿ ಮ್ಯಾಜಿಸ್ಟ್ರೇಟರು "ಪರ್ಮಿಟೆಡ್" ಎಂದು ಒಂದೇ ಪದ ಬರೆದು ಸಹಿ ಹಾಕುತ್ತಾರೆ. ಪತ್ರ ಯಾವಾಗ ಬಂತು, ಯಾರು ತಂದರು, ಅದರಲ್ಲಿರುವ ಸಂಗತಿಗಳು ತನಿಖೆಗೆ ಯೋಗ್ಯವೆಂದು ಏಕೆ ಅನ್ನಿಸಿತು ಎಂಬ ಯಾವ ಮಾತೂ ಅಲ್ಲಿರುವುದಿಲ್ಲ. ಹೀಗೆ ಒಂದು ಪದದಲ್ಲಿ ಅನುಮತಿ ಕೊಡುವುದು ವಿವೇಚನೆಯನ್ನು ಬಳಸಿದಂತಾಗದು ಎಂದು ವಗ್ಗೆಪ್ಪ ಗುರುಲಿಂಗ ಜಂಗಳಿಗಿ ಪ್ರಕರಣದಲ್ಲಿ ನಮ್ಮ ಹೈಕೋರ್ಟ್ ವಿವರವಾದ ಸೂಚನೆಗಳನ್ನು ಕೊಟ್ಟಿತು. ಆ ಮೇಲೂ ಅದೇ ಒಂದು ಪದದ ಆದೇಶಗಳು ಬರುತ್ತಲೇ ಇವೆ, ಕೇಸುಗಳು ರದ್ದಾಗುತ್ತಲೇ ಇವೆ. ಇಸ್ಪೀಟು ಆಡಿದವರು ಬಚಾವಾದರಲ್ಲ ಎಂದು ಕೆಲವರು ಗೊಣಗುವುದುಂಟು. ಆದರೆ ಇದೇ ನಿಯಮ ನಾಳೆ ಯಾರದೋ ಮೇಲೆ ಠಾಣೆಯವರು ಮನಬಂದಂತೆ ತನಿಖೆಗೆ ಇಳಿಯುವುದನ್ನೂ ತಡೆಯುತ್ತದೆ.

ಇದೇ ಗುಂಪಿಗೆ ಸೇರುವ ಇನ್ನೂ ಕೆಲವನ್ನು ಬೇಗನೆ ಹೇಳಿಬಿಡಬಹುದು. ಸರ್ಕಾರಿ ಅಧಿಕಾರಿಯ ಆದೇಶ ಉಲ್ಲಂಘನೆಯ ಆರೋಪಕ್ಕೆ ಆ ಅಧಿಕಾರಿಯೋ ಅವರ ಮೇಲಧಿಕಾರಿಯೋ ನ್ಯಾಯಾಲಯಕ್ಕೆ ಲಿಖಿತ ದೂರು ಕೊಡಬೇಕು, ಪೊಲೀಸರ ಚಾರ್ಜ್‌ಶೀಟಿನ ಮೇಲೆ ನ್ಯಾಯಾಲಯ ಸಂಜ್ಞಾನ ತೆಗೆದುಕೊಳ್ಳುವಂತಿಲ್ಲ, ಅಂದರೆ ಪ್ರಕರಣವನ್ನು ಕೈಗೆತ್ತಿಕೊಳ್ಳುವಂತಿಲ್ಲ. ಸರ್ಕಾರಿ ನೌಕರರ ಮೇಲೆ ಕರ್ತವ್ಯ ಸಂಬಂಧದ ಆರೋಪವಿದ್ದರೆ ಪೂರ್ವಾನುಮತಿ ಬೇಕು. ಮೂರು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಿಗೆ ಕಾಲಮಿತಿ ಇದೆ. ಚೆಕ್ ಬೌನ್ಸ್ ಪ್ರಕರಣಗಳಲ್ಲಿ ಸಾಲ ಇತ್ತೋ ಇಲ್ಲವೋ ಎಂಬುದನ್ನು ಹೈಕೋರ್ಟ್ ಈ ಹಂತದಲ್ಲಿ ನೋಡುವುದಿಲ್ಲ, ಏಕೆಂದರೆ ಬೇರೆ ರುಜುವಾತಾಗುವವರೆಗೆ ಸಾಲ ಇತ್ತೆಂದೇ ಹಿಡಿಯುವ ಕಾನೂನಿನ ಪೂರ್ವಭಾವನೆ ಫಿರ್ಯಾದಿಯ ಪರವಾಗಿದೆ. ಆದರೆ ನೋಟಿಸು ತಲುಪಿ 15 ದಿನ ಕಳೆಯುವ ಮೊದಲೇ ದೂರು ಸಲ್ಲಿಸಿದ್ದರೆ ಅದು ದೂರೇ ಅಲ್ಲವೆಂದು 2014ರ ಯೋಗೇಂದ್ರ ಪ್ರತಾಪ್ ಸಿಂಗ್ ಪ್ರಕರಣ ಹೇಳಿದೆ. ಕ್ಯಾಲೆಂಡರು ಹಿಡಿದು ಕೂತರೆ ಗೆಲ್ಲಬಹುದಾದ ಅರ್ಜಿಗಳಿವು.

ಇನ್ನು ಕಕ್ಷಿದಾರರು ಚೀಲ ತುಂಬ ತರುವ ದಾಖಲೆಗಳ ಮಾತು. ವಾಟ್ಸ್‌ಆ್ಯಪ್ ಸಂದೇಶಗಳ ಮುದ್ರಿತ ಪ್ರತಿ, ಆ ದಿನ ಬೇರೆ ಊರಿನಲ್ಲಿದ್ದೆ ಎಂಬುದಕ್ಕೆ ಬಸ್ ಟಿಕೆಟ್, ನೆರೆಯವರ ಪ್ರಮಾಣಪತ್ರ. ಇವುಗಳಲ್ಲಿ ಬಹುಪಾಲು ಹೈಕೋರ್ಟಿನಲ್ಲಿ ಉಪಯೋಗಕ್ಕೆ ಬರುವುದಿಲ್ಲ, ಏಕೆಂದರೆ ಅವುಗಳ ಸತ್ಯಾಸತ್ಯತೆಯನ್ನು ಸಾಕ್ಷಿಯ ಪಾಟೀಸವಾಲಿನಲ್ಲಿ ಪರೀಕ್ಷಿಸಬೇಕು. ಆರೋಪಿಯ ದಾಖಲೆಯನ್ನು ಯಾವಾಗ ನೋಡಬಹುದು ಎಂಬುದನ್ನು 2013ರ ರಾಜೀವ್ ಥಾಪರ್ ತೀರ್ಪು ಹಂತಹಂತವಾಗಿ ವಿವರಿಸಿದೆ: ದಾಖಲೆ ಅಪ್ಪಟವಾಗಿರಬೇಕು, ಆರೋಪದ ಬುಡವನ್ನೇ ಅಲ್ಲಾಡಿಸುವಂತಿರಬೇಕು, ಫಿರ್ಯಾದಿ ಅದನ್ನು ಅಲ್ಲಗಳೆದಿರಬಾರದು ಅಥವಾ ಅಲ್ಲಗಳೆಯಲು ಸಾಧ್ಯವಿರಬಾರದು, ಅದರ ಮುಂದೆ ವಿಚಾರಣೆ ನಡೆಸುವುದು ಪ್ರಕ್ರಿಯೆಯ ದುರುಪಯೋಗ ಎನ್ನಿಸಬೇಕು. ಈ ಪರೀಕ್ಷೆಯಲ್ಲಿ ತೇರ್ಗಡೆಯಾಗುವುದು ಹೆಚ್ಚಾಗಿ ಫಿರ್ಯಾದಿಯೇ ಸಹಿ ಹಾಕಿದ ಕಾಗದ: ಅವರದೇ ಸಿವಿಲ್ ದಾವೆಯ ವಾದಪತ್ರ, ಅವರು ಕಳಿಸಿದ ಲಾಯರ್ ನೋಟಿಸು, ನೋಂದಾಯಿತ ಪತ್ರ. ದಾವೆಯಲ್ಲಿ ಒಂದು ಹೇಳಿ ಠಾಣೆಯಲ್ಲಿ ಇನ್ನೊಂದು ಹೇಳಿದ್ದರೆ ಅದಕ್ಕಿಂತ ಗಟ್ಟಿಯಾದ ಆಧಾರ ಬೇಕಿಲ್ಲ.

ಎಲ್ಲಿಯವರೆಗೆ ನೋಡಬಹುದು ಎಂಬ ಗೆರೆಯನ್ನು ಕರ್ನಾಟಕದಿಂದಲೇ ಹೋದ ಎರಡು ಪ್ರಕರಣಗಳನ್ನು ಅಕ್ಕಪಕ್ಕ ಇಟ್ಟು ಓದಿದರೆ ಚೆನ್ನಾಗಿ ತಿಳಿಯುತ್ತದೆ. 1976ರ ನಾಗವ್ವ ವಿರುದ್ಧ ವೀರಣ್ಣ ಶಿವಲಿಂಗಪ್ಪ ಕೊಂಜಲಗಿ ಪ್ರಕರಣದಲ್ಲಿ ಮ್ಯಾಜಿಸ್ಟ್ರೇಟರು ಸಾಕ್ಷ್ಯ ನೋಡಿ ಸಮನ್ಸ್ ಹೊರಡಿಸಿದ್ದರು, ಹೈಕೋರ್ಟ್ ಆ ಸಾಕ್ಷ್ಯವನ್ನು ಮತ್ತೆ ತೂಗಿ ಆದೇಶವನ್ನು ರದ್ದುಪಡಿಸಿತ್ತು. ತೂಗುವ ಕೆಲಸ ಹೈಕೋರ್ಟಿನದಲ್ಲವೆಂದು ಸುಪ್ರೀಂ ಕೋರ್ಟ್ ಮ್ಯಾಜಿಸ್ಟ್ರೇಟರ ಆದೇಶವನ್ನೇ ಎತ್ತಿಹಿಡಿಯಿತು. ಮರುವರ್ಷವೇ ಬಂದ ಕರ್ನಾಟಕ ರಾಜ್ಯ ವಿರುದ್ಧ ಎಲ್. ಮುನಿಸ್ವಾಮಿ ಪ್ರಕರಣದಲ್ಲಿ ಹೈಕೋರ್ಟಿನ ರದ್ದತಿ ಆದೇಶ ಉಳಿಯಿತು, ಏಕೆಂದರೆ ಅಲ್ಲಿ ಆ ಆರೋಪಿಗಳ ವಿರುದ್ಧ ತೂಗಲು ಏನೂ ಇರಲಿಲ್ಲ. ನ್ಯಾಯಾಲಯದ ಕಲಾಪ ಕಿರುಕುಳದ ಅಸ್ತ್ರವಾಗಿ ಇಳಿಯಲು ಬಿಡಬಾರದೆಂಬ, ಇಂದಿಗೂ ಉಲ್ಲೇಖವಾಗುವ ಮಾತು ಆ ತೀರ್ಪಿನದು. ಸಾಕ್ಷ್ಯ ದುರ್ಬಲವಾಗಿದೆ ಎಂಬುದು ವಿಚಾರಣಾ ನ್ಯಾಯಾಲಯದ ಮುಂದಿಡುವ ವಾದ, ಸಾಕ್ಷ್ಯವೇ ಇಲ್ಲ ಎಂಬುದು ಮಾತ್ರ ಹೈಕೋರ್ಟಿನ ಮುಂದಿಡುವ ವಾದ.

ದುರುದ್ದೇಶದ ಬಗ್ಗೆಯೂ ಒಂದು ತಪ್ಪು ತಿಳಿವಳಿಕೆ ಇದೆ. ಹಳೆಯ ದ್ವೇಷವಿದೆ, ಚುನಾವಣೆಯಲ್ಲಿ ಎದುರು ನಿಂತಿದ್ದೆ, ಆದ್ದರಿಂದ ಕೇಸು ಹಾಕಿಸಿದ್ದಾರೆ ಎಂದು ಪುಟಗಟ್ಟಲೆ ಬರೆದ ಅರ್ಜಿಗಳನ್ನು ನೋಡುತ್ತೇವೆ. ದ್ವೇಷವಿದ್ದವರೂ ನಿಜವಾದ ಅಪರಾಧದ ಬಗ್ಗೆ ದೂರು ಕೊಡಬಹುದು. ದೂರಿನಲ್ಲಿ ಅಪರಾಧದ ಅಂಶಗಳು ಇದ್ದರೆ ದೂರುದಾರನ ಮನಸ್ಸಿನಲ್ಲಿ ಏನಿತ್ತು ಎಂಬುದು ಗೌಣ ಎಂದು 1991ರಷ್ಟು ಹಿಂದೆಯೇ ಬಿಹಾರ ರಾಜ್ಯ ವಿರುದ್ಧ ಪಿ.ಪಿ. ಶರ್ಮಾ ಪ್ರಕರಣದಲ್ಲಿ ತೀರ್ಮಾನವಾಗಿದೆ. ಹೊರನೋಟಕ್ಕೆ ಎಲ್ಲ ಅಂಶಗಳನ್ನೂ ಜಾಣತನದಿಂದ ಜೋಡಿಸಿ ಬರೆದ ದೂರುಗಳಿರುತ್ತವೆ, ಅಂಥಲ್ಲಿ ನ್ಯಾಯಾಲಯ ಸಾಲುಗಳ ನಡುವೆಯೂ ಓದಬೇಕು, ಹಿಂದಿನ ಬೆಳವಣಿಗೆಗಳನ್ನೂ ಗಮನಿಸಬೇಕು ಎಂದು 2023ರ ಮಹಮೂದ್ ಅಲಿ ತೀರ್ಪು ಹೇಳಿತು. ಇವೆರಡರ ನಡುವೆ ಒಂದು ಎಳೆದಾಟವಿದೆ, ಅದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ಯಾವ ಪೀಠದ ಮುಂದೆ ಯಾವುದು ತೂಗುತ್ತದೆ ಎಂಬುದನ್ನು ಮುಂಚಿತವಾಗಿ ಹೇಳಲಾಗದು.

ರಾಜಿಯ ಆಧಾರದ ಮೇಲಿನ ರದ್ದತಿ ಬೇರೆಯೇ ಲೋಕ. ಅಲ್ಲಿ ದೂರಿನಲ್ಲಿ ಅಪರಾಧವಿದ್ದರೂ ಪಕ್ಷಗಾರರು ಸರಿಹೋಗಿದ್ದಾರೆ ಎಂಬ ಕಾರಣಕ್ಕೆ ಪ್ರಕರಣ ನಿಲ್ಲುತ್ತದೆ. ಸಂಹಿತೆಯೇ ಕೆಲವು ಅಪರಾಧಗಳನ್ನು ರಾಜಿಯಾಗಬಲ್ಲವು ಎಂದು ಪಟ್ಟಿ ಮಾಡಿದೆ, ಆ ಪಟ್ಟಿಯಲ್ಲಿ ಇಲ್ಲದವುಗಳಿಗೆ ಈ ದಾರಿ. 2003ರ ಬಿ.ಎಸ್. ಜೋಶಿ ಪ್ರಕರಣ ವೈವಾಹಿಕ ದೂರುಗಳಿಗೆ ಇದನ್ನು ತೆರೆಯಿತು, 2012ರ ಗ್ಯಾನ್ ಸಿಂಗ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಇದನ್ನು ಸ್ಥಿರಪಡಿಸಿತು. ಕೊಲೆ, ಅತ್ಯಾಚಾರ, ಡಕಾಯಿತಿಯಂಥ ಘೋರ ಅಪರಾಧಗಳಿಗೆ ಇದು ಸಲ್ಲದು, ಏಕೆಂದರೆ ಅಲ್ಲಿ ನೊಂದವರು ಒಬ್ಬರೇ ಅಲ್ಲ. ಕೊಲೆ ಯತ್ನದ ಆರೋಪದಲ್ಲಿ ಕಲಮಿನ ಹೆಸರು ನೋಡಿ ನಿರಾಕರಿಸದೆ, ಗಾಯ ದೇಹದ ಯಾವ ಭಾಗದಲ್ಲಿದೆ, ಯಾವ ಆಯುಧ ಬಳಕೆಯಾಗಿದೆ ಎಂಬುದನ್ನು ನೋಡಬೇಕೆಂದು 2014ರ ನರಿಂದರ್ ಸಿಂಗ್ ತೀರ್ಪು ಹೇಳಿತು. ಹಾಗಾಗಿ ಗಾಯದ ಪ್ರಮಾಣಪತ್ರ ಇಂಥ ಅರ್ಜಿಯ ಅತಿ ಮುಖ್ಯ ಅಡಕವಾಗುತ್ತದೆ. ಸಾರ್ವಜನಿಕ ಹಣದ ದೊಡ್ಡ ಆರ್ಥಿಕ ಅಪರಾಧಗಳಿಗೂ ಇದು ಅನ್ವಯಿಸದೆಂದು 2017ರ ಪರ್ಬತ್‌ಭಾಯಿ ಆಹಿರ್ ಪ್ರಕರಣ ಎಚ್ಚರಿಸಿದೆ.

ಕಲಾಪ ನಡೆಯುವ ಬಗೆ ಸರಳವಾಗಿದೆ. ಎರಡೂ ಕಡೆಯವರು ಜಂಟಿ ಮೆಮೊ ಮತ್ತು ಪ್ರಮಾಣಪತ್ರ ಸಲ್ಲಿಸುತ್ತಾರೆ, ವಕೀಲರು ಅವರನ್ನು ಗುರುತಿಸುತ್ತಾರೆ, ನ್ಯಾಯಮೂರ್ತಿಗಳು ಫಿರ್ಯಾದಿಯನ್ನು ಸ್ವಇಚ್ಛೆಯಿಂದ ಬಂದಿದ್ದೀರಾ ಎಂದು ಕೇಳುತ್ತಾರೆ, ಸರ್ಕಾರಿ ವಕೀಲರು ಸಾಮಾನ್ಯವಾಗಿ ಅದನ್ನು ನ್ಯಾಯಾಲಯದ ವಿವೇಚನೆಗೆ ಬಿಡುತ್ತಾರೆ. ಒಂದು ಪ್ರಶ್ನೆ, ಒಂದು ಉತ್ತರ, ಮುಂದಿನ ಕೇಸು. ಆ ಒಂದು ಉತ್ತರದ ಹಿಂದೆ ಊರಿನ ಹಿರಿಯರ ಒತ್ತಡ, ಹಣದ ಆಮಿಷ, ಆಸ್ತಿಯ ಭಯ ಏನೆಲ್ಲ ಇದ್ದಿರಬಹುದೆಂದು ಪರೀಕ್ಷಿಸಲು ಹೈಕೋರ್ಟಿನ ಬಳಿ ಸಮಯವೂ ಇಲ್ಲ, ಸಾಧನವೂ ಇಲ್ಲ. ಬೇಲಿ ಜಗಳ, ದಾಯಾದಿ ಹೊಡೆದಾಟಗಳಲ್ಲಿ ಇದರಿಂದ ನಷ್ಟವೇನಿಲ್ಲ, ನೆಮ್ಮದಿಯೇ ಹೆಚ್ಚು. ಆದರೆ ಪರಿಶಿಷ್ಟ ಜಾತಿ, ಪಂಗಡಗಳ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ಪ್ರಕರಣಗಳಲ್ಲಿ ಫಿರ್ಯಾದಿ ಬಲವಂತವಿಲ್ಲದೆ ಒಪ್ಪಿದ್ದಾರೆಯೇ ಎಂಬುದನ್ನು ವಿಶೇಷವಾಗಿ ಪರಿಶೀಲಿಸಬೇಕೆಂದು 2021ರ ರಾಮಾವತಾರ್ ತೀರ್ಪು ಹೇಳಿದ್ದನ್ನು ಗಂಭೀರವಾಗಿ ತೆಗೆದುಕೊಳ್ಳಬೇಕು ಎಂದು ನಾನು ನಂಬಿದ್ದೇನೆ. ಶಾಲಾ ಬಾಲಕಿಯ ಮೇಲಿನ ಲೈಂಗಿಕ ದೌರ್ಜನ್ಯದ ಪ್ರಕರಣವನ್ನು ತಂದೆಯೊಂದಿಗಿನ ರಾಜಿಯ ಮೇಲೆ ರದ್ದುಪಡಿಸಿದ್ದ ರಾಜಸ್ಥಾನ ಹೈಕೋರ್ಟಿನ ಆದೇಶವನ್ನು ಸುಪ್ರೀಂ ಕೋರ್ಟ್ 2024ರ ನವೆಂಬರಿನಲ್ಲಿ ರದ್ದುಗೊಳಿಸಿದ್ದು ತೀರ ಅಗತ್ಯವಾಗಿತ್ತು.

ಯಾವ ಹಂತದಲ್ಲಿ ಅರ್ಜಿ ಹಾಕಬೇಕು ಎಂಬುದು ತಂತ್ರದ ಪ್ರಶ್ನೆ. ಎಫ್‌ಐಆರ್ ಹಂತದಲ್ಲಿ ಕಡತದಲ್ಲಿ ದೂರೊಂದೇ ಇರುತ್ತದೆ. ದೂರೇ ಟೊಳ್ಳಾಗಿದ್ದರೆ ಅದು ಅನುಕೂಲ, ದೂರು ಗಟ್ಟಿಯಾಗಿದ್ದು ಸಾಕ್ಷ್ಯ ಟೊಳ್ಳಾಗಿದ್ದರೆ ಚಾರ್ಜ್‌ಶೀಟಿನವರೆಗೆ ಕಾಯುವುದೇ ಮೇಲು. ಚಾರ್ಜ್‌ಶೀಟ್ ಬಂದ ಮೇಲೂ ಅರ್ಜಿ ಊರ್ಜಿತವೇ ಎಂಬುದು 2018ರ ಆನಂದ್ ಕುಮಾರ್ ಮೊಹತ್ತಾ ತೀರ್ಪಿನಿಂದ ಸ್ಪಷ್ಟವಾಗಿದೆ. ತನಿಖೆ ಎಳೆಯ ಹಂತದಲ್ಲಿದೆ ಎಂಬ ಒಂದೇ ಕಾರಣಕ್ಕೆ ಹೈಕೋರ್ಟ್ ಕೈಕಟ್ಟಿ ಕೂರಬೇಕಿಲ್ಲ ಎಂದು 2025ರ ಮಾರ್ಚಿನಲ್ಲಿ ಇಮ್ರಾನ್ ಪ್ರತಾಪ್‌ಗಢಿ ಪ್ರಕರಣದಲ್ಲಿ, ಒಂದು ಕವಿತೆಯ ಮೇಲೆ ಹೂಡಿದ್ದ ಎಫ್‌ಐಆರ್ ಅನ್ನು ರದ್ದುಪಡಿಸುತ್ತ ಸುಪ್ರೀಂ ಕೋರ್ಟ್ ಹೇಳಿತು. ಮಾತು, ಬರಹಗಳ ಮೇಲಿನ ಕೇಸುಗಳಲ್ಲಿ ಈ ನಿಲುವು ಸಹಜ, ಏಕೆಂದರೆ ಆಡಿದ ಮಾತು ಕಣ್ಣಮುಂದೆಯೇ ಇರುತ್ತದೆ, ತನಿಖೆಯಿಂದ ಹೊಸದಾಗಿ ತಿಳಿಯಬೇಕಾದದ್ದು ಕಡಿಮೆ.

ಬಹಳ ಅರ್ಜಿಗಳ ನಿಜವಾದ ಗುರಿ ಅಂತಿಮ ಆದೇಶವಲ್ಲ, ಮಧ್ಯಂತರ ತಡೆಯಾಜ್ಞೆ ಎಂಬುದು ನ್ಯಾಯಾಲಯದ ಕಾರಿಡಾರಿನಲ್ಲಿ ಎಲ್ಲರಿಗೂ ಗೊತ್ತು. ಆರೋಪಿಯ ವಿರುದ್ಧ ಬಲವಂತದ ಕ್ರಮ ಬೇಡ ಎಂಬ ಒಂದು ಸಾಲಿನ ಆದೇಶವನ್ನು ಯಾಂತ್ರಿಕವಾಗಿ ಕೊಡಬಾರದು, ಕೊಟ್ಟರೆ ಸಂಕ್ಷಿಪ್ತ ಕಾರಣವಾದರೂ ಇರಬೇಕು, ಬಂಧನದ ಭಯವಿದ್ದವರು ನಿರೀಕ್ಷಣಾ ಜಾಮೀನಿಗೆ ಹೋಗಲಿ ಎಂದು ನೀಹಾರಿಕಾ ತೀರ್ಪು ಹೇಳಿದ್ದು ಇದೇ ಕಾರಣಕ್ಕೆ. ತಡೆಯಾಜ್ಞೆಗಳು ಆರು ತಿಂಗಳಿಗೆ ತಾನಾಗಿಯೇ ತೆರವಾಗುತ್ತವೆ ಎಂಬ 2018ರ ಏಷ್ಯನ್ ರೀಸರ್ಫೇಸಿಂಗ್ ನಿಯಮವನ್ನು 2024ರ ಫೆಬ್ರವರಿ 29ರಂದು ಐವರು ನ್ಯಾಯಮೂರ್ತಿಗಳ ಪೀಠ ತಳ್ಳಿಹಾಕಿದೆ. ಈಗ ತಡೆಯಾಜ್ಞೆ ತೆರವಾಗಬೇಕಾದರೆ ಫಿರ್ಯಾದಿಯೋ ಸರ್ಕಾರವೋ ಅರ್ಜಿ ಹಾಕಿ ಕೇಳಬೇಕು. ಕೇಳದಿದ್ದರೆ ಕೆಳ ನ್ಯಾಯಾಲಯದ ಕಡತ ವರ್ಷಗಟ್ಟಲೆ ವಾಯಿದೆಯಿಂದ ವಾಯಿದೆಗೆ ಹೋಗುತ್ತಿರುತ್ತದೆ.

ಅರ್ಜಿ ವಜಾ ಆದರೆ ಬಾಗಿಲು ಮುಚ್ಚಿತೆಂದಲ್ಲ. ಹೈಕೋರ್ಟಿನ ಅಭಿಪ್ರಾಯಗಳು ವಿಚಾರಣೆಯ ಮೇಲೆ ಪ್ರಭಾವ ಬೀರಬಾರದು ಎಂಬ ಸಾಲು ಆದೇಶದಲ್ಲಿ ಸಾಮಾನ್ಯವಾಗಿ ಇರುತ್ತದೆ, ವಿಚಾರಣಾ ನ್ಯಾಯಾಲಯದಲ್ಲಿ ಡಿಸ್ಚಾರ್ಜ್ ಅರ್ಜಿ, ಅಂದರೆ ಆರೋಪ ಹೊರಿಸುವ ಮೊದಲೇ ತನ್ನನ್ನು ಪ್ರಕರಣದಿಂದ ಬಿಡಬೇಕೆಂಬ ಅರ್ಜಿ, ಹಾಕಬಹುದು. ಆದರೆ ಮೊದಲ ಅರ್ಜಿಯಲ್ಲೇ ಎತ್ತಬಹುದಾಗಿದ್ದ 2ನೇ ಕಾರಣ, 3ನೇ ಕಾರಣವನ್ನು ಹಿಡಿದು ಮತ್ತೆ ಮತ್ತೆ ಹೈಕೋರ್ಟಿಗೆ ಬರುವಂತಿಲ್ಲವೆಂದು 2023ರ ಭೀಷ್ಮ್ ಲಾಲ್ ವರ್ಮಾ ತೀರ್ಪು ಹೇಳಿದೆ, ಆದ್ದರಿಂದ ಇರುವ ಆಧಾರಗಳನ್ನೆಲ್ಲ ಒಂದೇ ಅರ್ಜಿಯಲ್ಲಿ ತರಬೇಕು. ಹೊಸ ಸಂಹಿತೆಯಲ್ಲಿ ಡಿಸ್ಚಾರ್ಜ್ ಅರ್ಜಿಗೂ 60 ದಿನಗಳ ಅವಧಿ ಬಂದಿದೆ: ಸೆಷನ್ಸ್ ಪ್ರಕರಣಗಳಲ್ಲಿ ಮ್ಯಾಜಿಸ್ಟ್ರೇಟರಿಂದ ಸೆಷನ್ಸ್ ನ್ಯಾಯಾಲಯಕ್ಕೆ ಕಮಿಟ್ ಆದ (ಒಪ್ಪಿಸಿದ) ದಿನದಿಂದ, ಪೊಲೀಸ್ ವರದಿಯ ಮೇಲೆ ಮ್ಯಾಜಿಸ್ಟ್ರೇಟರು ನಡೆಸುವ ವಾರಂಟ್ ಪ್ರಕರಣಗಳಲ್ಲಿ ದಾಖಲೆಗಳ ಪ್ರತಿ ಕೊಟ್ಟ ದಿನದಿಂದ. ಹೈಕೋರ್ಟಿನಲ್ಲಿ ತಡೆಯಾಜ್ಞೆ ಸಿಗದೆ ಅರ್ಜಿ ಬಾಕಿ ಉಳಿದಿರುವಾಗ ಈ 60 ದಿನ ಸದ್ದಿಲ್ಲದೆ ಕಳೆದುಹೋಗಬಹುದು, ಹಾಗಾಗಿ ಚಾರ್ಜ್‌ಶೀಟಿನ ಪ್ರತಿ ಕೈಗೆ ಬಂದ ದಿನಾಂಕವನ್ನು ಕಡತದ ಮೊದಲ ಪುಟದಲ್ಲೇ ಬರೆದಿಡುವಂತೆ ಕಿರಿಯ ವಕೀಲರಿಗೆ ಹೇಳುತ್ತಿರುತ್ತೇನೆ.